ಅರೆಯೆದ್ದವರು

ನನ್ನ ಮೇಜಿನ ಮೇಲೆ ಒಂದು ಅಲಸಂದೆ ಬೀಜದ ಪೊಟ್ಟಣವಿದೆ. ಖಾಲಿ ಪೊಟ್ಟಣ, ಬೀಜ ಇನ್ನೂ ತುಂಬಿಲ್ಲ. ಮುಂಬದಿಯಲ್ಲಿ ಹಸಿರು ಕಾಯಿಗಳ ಚಿತ್ರ. ಹಿಂಬದಿಯಲ್ಲಿ ಆ ಗಿಡದ ಜಾತಕ: ಎಂಥ ಮಣ್ಣು ಬೇಕು, ಎಷ್ಟು ಆಳಕ್ಕೆ ಬಿತ್ತಬೇಕು, ಯಾವಾಗ ಹೂವು ಬರುತ್ತದೆ. ಇಂಗ್ಲಿಷಿನಲ್ಲಿದ್ದ ಆ ಜಾತಕವನ್ನು ಕನ್ನಡಕ್ಕೆ ತಂದುಕೊಡುವ ಕೆಲಸವನ್ನು ನನಗೆ ಕೊಟ್ಟವರು ನಗರ್ತಪೇಟೆಯ ಸಂದಿಯೊಂದರಲ್ಲಿ ಬೀಜದ ಅಂಗಡಿ ಇಟ್ಟಿರುವ ಕೆಂಪರಾಜು. ಒಂದು ಕಾಲದಲ್ಲಿ ನಾನು ಯಾವ ಪುಟದಿಂದ ಬೇಕಾದರೂ ಓದಲು ಶುರುಮಾಡಬಹುದಾದ ಕಾದಂಬರಿ ಬರೆದಿದ್ದೆ. ಅದನ್ನು ಯಾರೂ ಯಾವ ಪುಟದಿಂದಲೂ ಶುರುಮಾಡಲಿಲ್ಲ. ಬೀಜದ ಪೊಟ್ಟಣವನ್ನಾದರೆ ಜನ ಓದುತ್ತಾರೆ, ಓದಿದ ಹಾಗೆ ನಡೆಯುತ್ತಾರೆ, ಮೊಳಕೆ ಬರದಿದ್ದರೆ ಅಂಗಡಿಗೆ ಬಂದು ಜಗಳವಾಡುತ್ತಾರೆ. ಇಷ್ಟು ಶ್ರದ್ಧೆಯ ಓದುಗರು ನನಗೆ ಹಿಂದೆ ಸಿಕ್ಕಿರಲಿಲ್ಲ.

ಎಲ್ಲ ಸಲೀಸಾಗಿ ಮುಗಿದು ಒಂದು ಮಾತು ಮಾತ್ರ ಉಳಿದುಕೊಂಡಿತು. ಗಿಡದ ನಿಲುವು ಎಂಬಲ್ಲಿ ‘ಸೆಮಿ ಇರೆಕ್ಟ್’ ಎಂದಿತ್ತು. ಪೂರ್ತಿ ನೆಟ್ಟಗೆ ನಿಲ್ಲದ, ಹಾಗೆಂದು ನೆಲದ ಮೇಲೆ ಹಬ್ಬಿಕೊಂಡೂ ಬಿಡದ ಗಿಡಕ್ಕೆ ಆ ವಿಶೇಷಣ. ಕನ್ನಡದಲ್ಲಿ ಏನೆನ್ನುವುದು? ಪೊಟ್ಟಣದಲ್ಲಿ ಜಾಗ ಬೇರೆ ಕಡಿಮೆ.

“ಅರೆನಿಮಿರಿದ ಅಂತ ಹಾಕೋಣ್ವಾ?” ಎಂದು ಅಂಗಡಿಯಲ್ಲಿ ಕೇಳಿದೆ.

ಕೆಂಪರಾಜು ಅತ್ತಿತ್ತ ನೋಡಿ ದನಿ ತಗ್ಗಿಸಿದರು. “ಬೇಡ ಸಾರ್. ಅತ್ತೆ ಸೊಸೆ ಜೊತೆಗ್ ಬಂದು ಬೀಜ ತಗೊಂಡ್ ಹೋಗೋ ಅಂಗಡಿ ಇದು.”

“ಹಾಗಾದ್ರೆ ಅರ್ಧ ನೆಟ್ಟಗೆ?”

“ಬೀಜದ್ ಮೇಲೆ ಅರ್ಧ ಅನ್ನೋ ಮಾತೇ ಬೇಡ ಸಾರ್. ಅರ್ಧ ಹುಟ್ಟುತ್ತೆ, ಅರ್ಧ ಹುಟ್ಟಲ್ಲ ಅಂದ್ಕೊಂಡ್ಬಿಡ್ತಾರೆ.”

“ಗಿಡ ಹೆಂಗಿರುತ್ತೆ ಅಂತಾದ್ರೂ ತೋರ್ಸಿ.”

ಅವರು ಮೊಣಕೈಯನ್ನು ಗಲ್ಲಾದ ಮೇಲೆ ಊರಿ, ಮುಂಗೈಯನ್ನು ಓರೆಯಾಗಿ ಎತ್ತಿ, ಬೆರಳುಗಳನ್ನು ಮಾತ್ರ ಮೇಲಕ್ಕೆ ಮಾಡಿ ಹಿಡಿದರು. “ಹಿಂಗೆ. ಏಳೋಣ ಅಂತಿರುತ್ತೆ. ಎದ್ದಿರಲ್ಲ.”

“ಆಮೇಲೆ ಏಳುತ್ತಾ?”

“ಅದೆಲ್ಲಾ ನಂಗೇನ್ ಗೊತ್ತು ಸಾರ್? ಬೆಳೀತಿದ್ದೋರು ನಮ್ಮಪ್ಪ. ನಾನು ಮಾರ್ತೀನಿ ಅಷ್ಟೆ.”

ಅವೆನ್ಯೂ ರಸ್ತೆಯಲ್ಲಿ ನಡೆದು ಬರುವಾಗ ಊರಿಗೆ ಊರೇ ಆ ನಿಲುವಿನಲ್ಲಿರುವಂತೆ ಕಾಣತೊಡಗಿತು. ಊಟದ ಹೊತ್ತಿಗೆ ಮುಕ್ಕಾಲು ಇಳಿಸಿದ ಶಟರು. ಒಂದೇ ಕಾಲಿನ ಸ್ಟ್ಯಾಂಡಿನ ಮೇಲೆ ಒರಗಿದ ಸೈಕಲ್ಲು. ಒಂದು ಕಿವಿ ನೆಟ್ಟಗೆ, ಇನ್ನೊಂದು ಅರ್ಧದಲ್ಲೇ ಮಡಚಿಕೊಂಡ ಬೀದಿನಾಯಿ. ಹಳೆಯ ಪಠ್ಯಪುಸ್ತಕಗಳ ರಾಶಿಯ ಪಕ್ಕ, ನಿಂತಿದ್ದಾನೋ ಕೂತಿದ್ದಾನೋ ಹೇಳಲಾಗದಂತೆ ಗೋಡೆಗೆ ಬೆನ್ನು ಕೊಟ್ಟು ಮೊಬೈಲು ನೋಡುತ್ತಿದ್ದ ವ್ಯಾಪಾರಿ. ಇಷ್ಟೆಲ್ಲ ಇದ್ದರೂ ಇವುಗಳಿಗೆ ಒಂದು ಹೆಸರಿಲ್ಲವೇ ಎಂದುಕೊಂಡು ಬಸ್ಸು ಹತ್ತಿದೆ. ಬಸ್ಸಿನಲ್ಲಿ ಸೀಟು ಹಿಡಿದಿದ್ದ ಹುಡುಗಿಯೊಬ್ಬಳು ನನ್ನ ನರೆಗೂದಲು ನೋಡಿ ಸೀಟಿನಿಂದ ಅಷ್ಟೇ ಅಷ್ಟು ಮೇಲೆದ್ದಳು. “ಕೂತ್ಕೊಳಮ್ಮ, ಕೂತ್ಕೊ” ಎಂದೆ. ಕೂತಳು. ಆ ಕ್ಷಣದಲ್ಲಿ ನನಗೆ ಅಪ್ಪ ನೆನಪಾದರು. ಅಪ್ಪನ ಹಿಂದೆಯೇ ಪದವೂ ಬಂತು. ಅರೆಯೆದ್ದ.

ನೀವು ನಮ್ಮ ಕಡೆಯವರಾದರೆ ಇದನ್ನು ವಿವರಿಸಬೇಕಿಲ್ಲ. ಹಿರಿಯರೊಬ್ಬರು ಒಳಗೆ ಬಂದರೆ ಕೂತವರು ಏಳಬೇಕು. ಆದರೆ ಪೂರ್ತಿ ಏಳುವಂತಿಲ್ಲ. ಸೊಂಟ ಕುರ್ಚಿಯಿಂದ ಮೇಲೆದ್ದು, ಮೊಣಕಾಲು ಇನ್ನೂ ಮಡಚಿಕೊಂಡೇ ಇರುವಾಗ, ಬಂದವರು “ಕೂತ್ಕೊಳಿ, ಕೂತ್ಕೊಳಿ” ಎನ್ನಬೇಕು. ಕೂಡಲೇ ಕೂತುಬಿಡಬೇಕು. ಆ ಮಾತು ತಡವಾಗಿ ಬಂದರೆ ಬಂದವರಿಗೆ ಬಿಂಕ ಎಂದಾಗುತ್ತದೆ. ಅದು ಬರುವ ಮೊದಲೇ ಕೂತುಬಿಟ್ಟರೆ ಎದ್ದದ್ದು ನಾಟಕ ಎಂದಾಗುತ್ತದೆ. ಚಾಮರಾಜಪೇಟೆಯ ನಮ್ಮ ಬಾಡಿಗೆ ಮನೆಯಲ್ಲಿ ಅಪ್ಪ ಈ ವಿದ್ಯೆಯನ್ನು ಸಂಗೀತದಂತೆ ಸಾಧಿಸಿದ್ದರು. ಪುರೋಹಿತರಿಗೆ ಒಂದು ಎತ್ತರ, ಕಚೇರಿಯ ಸೂಪರಿಂಟೆಂಡೆಂಟರಿಗೆ ಒಂದು ಎತ್ತರ, ಬೀಗರಿಗೆ ಇನ್ನೊಂದು. ಸೋದರಳಿಯನಿಗೆ ಕೈ ಮಾತ್ರ ಕುರ್ಚಿಯ ತೋಳಿನ ಮೇಲೆ ಹೋಗಿ ಹಾಗೇ ನಿಲ್ಲುತ್ತಿತ್ತು.

ಅದು ಬೆತ್ತದ ಕುರ್ಚಿ. ಈಗಲೂ ನನ್ನ ಬಳಿಯೇ ಇದೆ, ಈ ಸಾಲನ್ನು ಬರೆಯುತ್ತಿರುವುದು ಅದರ ಮೇಲೆ ಕೂತೇ. ಏಳುವಾಗ ಒಂದು ಸದ್ದು ಮಾಡುತ್ತದೆ, ಕೂರುವಾಗ ಇನ್ನೊಂದು. ಮೊದಲನೆಯದು ಗಿಳಿಯ ದನಿಯಂತೆ ಕೀಚಲು. ಎರಡನೆಯದು ಕೆಳದನಿಯ ಕಿರುಗುಟ್ಟುವಿಕೆ. ಅಮ್ಮ ಅಡುಗೆಮನೆಯಲ್ಲಿ ಒಲೆಯ ಮುಂದೆ ಇದ್ದುಕೊಂಡೇ ಏಳುವ ಸದ್ದಿನ ಉದ್ದದ ಮೇಲೆ ಬಂದವರು ಎಂಥವರೆಂದು ತಿಳಿಯುತ್ತಿದ್ದಳು. ಉದ್ದ ಸದ್ದಾದರೆ ಹೊಸ ಡಿಕಾಕ್ಷನ್ನು, ಬೆಳ್ಳಿಯ ಲೋಟ. ಗಿಡ್ಡ ಸದ್ದಾದರೆ ಬೆಳಗ್ಗೆ ಉಳಿದ ಡಿಕಾಕ್ಷನ್ನು. ಸದ್ದೇ ಇಲ್ಲದಿದ್ದರೆ ಬಂದವನು ನಾನು.

ಒಮ್ಮೆ ಮನೆಯ ಮಾಲೀಕರು ಬಂದರು. ಅಪ್ಪ ಎದ್ದರು, ಅಂದರೆ ಅರೆಯೆದ್ದರು. ಮಾಲೀಕರು ಗೋಡೆಯ ಸುಣ್ಣ ಉದುರುವ ವಿಷಯ ತೆಗೆದವರು ಆ ಮಾತು ಹೇಳುವುದನ್ನೇ ಮರೆತರು. ಅಪ್ಪ ಕುರ್ಚಿಯ ಮೇಲೂ ಇಲ್ಲ, ಕಾಲ ಮೇಲೂ ಇಲ್ಲ. ಜಗಲಿಯ ಮೇಲೆ ಹಾಗೇ ಬಾಗಿಕೊಂಡು, ತೊಡೆ ನಡುಗುತ್ತಿದ್ದರೂ ಸುಣ್ಣದ ಬಗ್ಗೆ ತಲೆ ಆಡಿಸುತ್ತಿದ್ದಾರೆ. ಎರಡನೆಯ ಸದ್ದು ಬರಲಿಲ್ಲವೆಂದು ಗಾಬರಿಯಾಗಿ ಅಮ್ಮ ಒಳಗಿನಿಂದ ಓಡಿಬಂದು, “ಅಯ್ಯೋ, ಇಬ್ರೂ ಕೂತ್ಕೊಳಿ ಅಂದ್ರೆ!” ಎಂದಾಗಲೇ ಅಪ್ಪನಿಗೆ ಬಿಡುಗಡೆ.

ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ ಎಂದು ಹೇಳಲು ಹೊರಟಿದ್ದೆ. ಅಕ್ಕ ತಡೆಯುತ್ತಾಳೆ. “ನಮ್ಮನೇಲಿ ಜಗಲಿ ಎಲ್ಲಿತ್ತೋ? ಅದು ಎದುರುಮನೆ. ನೀನಾಗ ಸ್ಕೂಲಲ್ಲಿದ್ದೆ. ನಾನ್ ಹೇಳಿದ್ದನ್ನ ಕೇಳಿ ನೀನೇ ನೋಡಿದ್ದು ಅಂದ್ಕೊಂಡಿದೀಯ.” ಇರಬಹುದು. ಅವಳು ಹೇಳುವುದನ್ನೆಲ್ಲ ಒಪ್ಪಿದರೆ ನನ್ನ ಬಾಲ್ಯದ ಬಹುಪಾಲು ಎದುರುಮನೆಯಲ್ಲಿ, ನಾನಿಲ್ಲದಾಗ ನಡೆದಿದೆ. ಆದರೆ ನಡುಗುತ್ತಿದ್ದ ಆ ತೊಡೆ ಮಾತ್ರ ನನ್ನದೇ ನೆನಪು. ಅದನ್ನು ಅವಳಿಗೆ ಬಿಟ್ಟುಕೊಡುವುದಿಲ್ಲ.

ಅಕ್ಕ ಎಂದರೆ ವಿಮಲಕ್ಕ, ನನಗಿಂತ ದೊಡ್ಡವಳು. ಕಚೇರಿಯೊಂದರಲ್ಲಿ ಟೈಪಿಸ್ಟಾಗಿದ್ದು ನಿವೃತ್ತಳಾದಳು. ಅವಳು ಮದುವೆಯಾಗಲಿಲ್ಲ, ನಾನು ಆಗಿಯೂ ಒಬ್ಬನಾದೆ. ಗವಿಪುರದ ಈ ಮನೆಯಲ್ಲಿ ನಾವಿಬ್ಬರೇ. ಅರೆ ಏಳುವುದರಲ್ಲಿ ಅವಳು ಅಪ್ಪನ ನೇರ ಶಿಷ್ಯೆ. ಸಾಹೇಬರು ಒಳಗೆ ಬಂದಾಗ ಟೈಪ್‌ರೈಟರಿನ ಕೀಲಿಗಳ ಮೇಲಿನಿಂದ ಬೆರಳು ತೆಗೆಯದೆ ಏಳುತ್ತಿದ್ದಳಂತೆ, ಸಾಲೂ ತಪ್ಪುತ್ತಿರಲಿಲ್ಲ, ಮರ್ಯಾದೆಯೂ ತಪ್ಪುತ್ತಿರಲಿಲ್ಲ.

ಬೀಜದ ಪೊಟ್ಟಣ ನನ್ನ ಕೈಗೆ ಬರುವ ಕೆಲವು ವಾರಗಳ ಮೊದಲು ಅವಳು ಬಿದ್ದಳು. ಬೆಳಗ್ಗೆ ಹೊಸಿಲ ಮುಂದೆ ನೀರು ಹಾಕಿ, ರಂಗೋಲಿ ಎಳೆದು, ಏಳುವಾಗ ಕಾಲು ಜಾರಿತು. ಸೊಂಟದ ಮೂಳೆ ಮುರಿಯಿತು. ಆಪರೇಷನ್ ಆಯಿತು, ಮನೆಗೆ ಬಂದಳು. ಮೂಳೆಯ ಕೆಲಸ ಮುಗಿಯಿತು, ಇನ್ನು ಅವರದೇ ಕೆಲಸ ಎಂದರು ಡಾಕ್ಟರು. ಈಗ ಎದ್ದು ನಿಲ್ಲುವುದನ್ನು ಕಲಿಯದಿದ್ದರೆ ತೊಡೆಯಲ್ಲಿ ಬಲ ಉಳಿಯುವುದಿಲ್ಲ, ಮುಂದೆ ಏಳಬೇಕೆಂದರೂ ಆಗುವುದಿಲ್ಲ ಎಂದೂ ಹೇಳಿದರು.

ಅಕ್ಕನಿಗೆ ಇದ್ದ ಆಸೆ ಒಂದೇ. ಕೆಲಸಕ್ಕೆ ಬರುವ ರತ್ನಮ್ಮ ಅವಳನ್ನು ತಬ್ಬಿ ಎಬ್ಬಿಸಿ ಗಾಲಿ ಕುರ್ಚಿಗೆ ಹಾಕಿ, ಬಚ್ಚಲುಮನೆಗೆ ಕರೆದೊಯ್ದು, ಬಾಗಿಲು ತೆರೆದಿಟ್ಟುಕೊಂಡೇ ಪಕ್ಕದಲ್ಲಿ ನಿಲ್ಲುತ್ತಿದ್ದಳು. ರತ್ನಮ್ಮ ಬರುವುದು ತಡವಾದರೆ ಅಕ್ಕ ತುಟಿ ಕಚ್ಚಿಕೊಂಡು ಕಾಯುತ್ತಿದ್ದಳು, ನನ್ನನ್ನು ಮಾತ್ರ ಕರೆಯುತ್ತಿರಲಿಲ್ಲ. ಒಂದು ದಿನ ಗೋಡೆಯ ಕಡೆ ಮುಖ ಮಾಡಿಕೊಂಡು ಹೇಳಿದಳು: “ದೇವಸ್ಥಾನಕ್ಕ್ ಹೋಗ್ಬೇಕು, ಪಾರ್ಕಿಗ್ ಹೋಗ್ಬೇಕು ಅಂತೆಲ್ಲಾ ಇಲ್ಲ ಕಣೋ ನಂಗೆ. ಬಚ್ಚಲಿಗೆ ಒಬ್ಳೇ ಹೋಗಿ, ಒಳಗಿಂದ ಬೋಲ್ಟ್ ಹಾಕ್ಕೋಬೇಕು. ಅಷ್ಟು ಸಾಕು.”

ವ್ಯಾಯಾಮ ಮಾಡಿಸಲು ಚೈತ್ರ ಎಂಬ ಹುಡುಗಿ ಬೆಳಗ್ಗೆ ಸ್ಕೂಟರಿನಲ್ಲಿ ಬರುತ್ತಿದ್ದಳು. ಫಿಸಿಯೋಥೆರಪಿಯವಳು, ಮಾತು ಜೋರು, ಕೈ ಮೃದು. ಮೊದಲ ದಿನ ಮಂಚದ ಮುಂದೆ ವಾಕರ್ ಇಟ್ಟು, “ಅಮ್ಮ, ಮೂಗು ಮುಂದಕ್ಕೆ, ಸೊಂಟ ಮೇಲಕ್ಕೆ. ಏಳಿ” ಎಂದಳು. ಅಕ್ಕ ಕಣ್ಣುಮುಚ್ಚಿ, ಹಿಡಿ ಬಿಗಿದು, ಮೇಲೆದ್ದಳು. ಸೊಂಟ ಹಾಸಿಗೆ ಬಿಟ್ಟಿತು. ಮೊಣಕಾಲು ಇನ್ನೂ ಮಡಚಿಯೇ ಇತ್ತು. ಕಾಫಿ ಹಿಡಿದು ಬಾಗಿಲಿಗೆ ಬಂದ ನಾನು ಅದನ್ನು ನೋಡಿದೆ, ನೋಡಿದ್ದೇ ತಡ, ನನ್ನ ಬಾಯಿ ತಾನಾಗಿ ತೆರೆಯಿತು.

“ಕೂತ್ಕೋ, ಕೂತ್ಕೋ.”

ಅಕ್ಕ ಕೂತಳು.

“ಸಾರ್!” ಎಂದು ಕಿರುಚಿದಳು ಚೈತ್ರ. “ನಾನ್ ಏಳ್ಸೋಕ್ ಬಂದಿದೀನಿ, ನೀವ್ ಕೂರಿಸ್ತಿದೀರಲ್ಲಾ!”

“ಅಭ್ಯಾಸ” ಎಂದೆ.

“ಆ ಅಭ್ಯಾಸಾನ ಅಡುಗೆಮನೇಲಿ ಇಟ್ಟು ಬನ್ನಿ.”

ನನ್ನೊಬ್ಬನದೇ ಆಗಿದ್ದರೆ ಹಾಗೇ ಮಾಡಬಹುದಿತ್ತು. ಆದರೆ ಅಕ್ಕ ಬಿದ್ದ ಸುದ್ದಿ ಬಸವನಗುಡಿ, ಚಾಮರಾಜಪೇಟೆ, ಮಲ್ಲೇಶ್ವರದವರೆಗೂ ಹೋಗಿತ್ತು. ಮೂಸಂಬಿ, ದಾಳಿಂಬೆ ಹಿಡಿದುಕೊಂಡು ಜನ ಬರುತ್ತಲೇ ಇದ್ದರು. ಒಬ್ಬೊಬ್ಬರು ಬಂದಾಗಲೂ ಅಕ್ಕ ತನಗೆ ಗೊತ್ತಿಲ್ಲದೆಯೇ ವಾಕರಿಗೆ ಕೈಹಾಕಿ ಅರೆ ಏಳುವಳು. “ಅಯ್ಯಯ್ಯೋ ಕೂತ್ಕೊಳಿ!” ಎಂದು ಅವರು ಕೂಗುವರು. ಕೂರುವಳು. ಚೈತ್ರಳಿಗೆ ಇದು ಮೊದಲು ಖುಷಿಯ ವಿಷಯವಾಗಿತ್ತು, ಕೇಳದೆಯೇ ಇಷ್ಟು ಸಲ ಏಳುತ್ತಾರಲ್ಲ ಎಂದು. ವಾರ ಕಳೆದರೂ ಅದೇ ಎತ್ತರಕ್ಕೆ ಬಂದು ನಿಲ್ಲುವುದು ಕಂಡಾಗ ಅವಳ ಮುಖ ಸಣ್ಣಗಾಯಿತು.

“ಬಲ ಇದೆ ಸಾರ್ ಅವ್ರಿಗೆ. ನಾನೇ ಕೈಲಿ ಹಿಡಿದು ನೋಡಿದೀನಿ. ಆದ್ರೂ ಅಲ್ಲಿಗೇ ಬಂದು ನಿಂತ್ಬಿಡ್ತಾರೆ. ಯಾಕಮ್ಮ, ನೋವಾಗುತ್ತಾ?”

“ನೋವಿಲ್ಲ ಮಗು” ಎಂದಳು ಅಕ್ಕ. ತನ್ನ ಕಾಲುಗಳನ್ನೇ ಬೇರೆ ಯಾರದೋ ಎಂಬಂತೆ ನೋಡಿದಳು. “ಅಲ್ಲೀವರ್ಗೂ ಬರುತ್ತೆ. ಆಮೇಲೆ ಯಾರಾದ್ರೂ ಕೂತ್ಕೊ ಅಂತಾರೇನೋ ಅಂತ ಕಾಯುತ್ತೆ.”

ಅಲ್ಲಿಂದ ಮೇಲಕ್ಕೆ ಹೋದ ನೆನಪೇ ಆ ಕಾಲುಗಳಿಗೆ ಇರಲಿಲ್ಲವೇನೋ. ಯಾರಿಗಾಗಿಯಾದರೂ ಏಳುವುದೆಂದರೆ ಅವಳಿಗೆ ಅಷ್ಟೇ ಎತ್ತರ. ತನಗಾಗಿ ಎದ್ದಾಗ ಮಾತ್ರ ಪೂರ್ತಿ ಎದ್ದಿರಬೇಕು, ಆದರೆ ಅದನ್ನು ಯಾರು ಗಮನಿಸುತ್ತಾರೆ? ಹೀಗೆ ಒಂದು ಸಿದ್ಧಾಂತ ಕಟ್ಟಲು ನನಗೆ ಆಸೆಯಾಗುತ್ತದೆ. ಆದರೆ ಚೈತ್ರ ಸಿದ್ಧಾಂತ ಕೇಳುವವಳಲ್ಲ. ಇನ್ನು ಈ ಮನೆಯಲ್ಲಿ ಯಾರೂ ಆ ಮಾತು ಆಡಕೂಡದು ಎಂದು ಕಟ್ಟಪ್ಪಣೆ ಮಾಡಿದಳು. ಬಂದವರಿಗೆಲ್ಲ ಗೇಟಿನ ಬಳಿಯೇ ತಿಳಿಸಿ ಒಳಗೆ ಬಿಡುವ ಹೊಣೆ ನನಗೆ ಬಂತು.

ಅಕ್ಕನ ಜೊತೆ ಕೆಲಸ ಮಾಡಿದ್ದ ರಾಜಮ್ಮನಿಗೆ ಗೇಟಿನಲ್ಲಿ ಎಲ್ಲ ವಿವರಿಸಿದೆ. “ಅಷ್ಟೇ ತಾನೆ? ಬಾಯೇ ಬಿಡಲ್ಲ ಬಿಡಿ” ಎಂದು ಒಳಗೆ ಹೋದರು. ಅಕ್ಕ ಅರೆಯೆದ್ದಳು. ರಾಜಮ್ಮ ಥಟ್ಟನೆ ಎಡಗೈಯಿಂದ ಬಾಯಿ ಮುಚ್ಚಿಕೊಂಡರು. ಕೊಟ್ಟ ಮಾತಿಗೆ ತಪ್ಪಲಿಲ್ಲ. ಬಲಗೈ ಮಾತ್ರ ತಾನಾಗಿ ಮುಂದೆ ಬಂದು ಗಾಳಿಯನ್ನು ಮೆಲ್ಲಗೆ ಕೆಳಕ್ಕೆ ಒತ್ತಿತು. ಅಕ್ಕ ಕೂತಳು. ಚೈತ್ರ ಹಣೆ ಹಿಡಿದುಕೊಂಡಳು.

ಅದಾದ ಮೇಲೆ ಕೆಂಪರಾಜು ಪೊಟ್ಟಣದ ಮಾದರಿ ಹಿಡಿದುಕೊಂಡು ಮನೆಗೇ ಬಂದರು. ಅವರಿಗೂ ಗೇಟಿನಲ್ಲೇ ಹೇಳಿದೆ. ದೊಡ್ಡ ಮೈಯ ಮನುಷ್ಯ. ತುಟಿ ಬಿಗಿದುಕೊಂಡು, ರಾಜಮ್ಮನ ಕತೆ ಕೇಳಿದ್ದರಿಂದ ಕೈಗಳನ್ನೂ ಬೆನ್ನ ಹಿಂದೆ ಕಟ್ಟಿಕೊಂಡು ಒಳಗೆ ಕಾಲಿಟ್ಟರು. ಹೊಸಬರು ಬಂದರೆಂದು ಅಕ್ಕ ಎದ್ದಳು, ಅಲ್ಲಿಗೇ ಬಂದು ನಿಂತು ಕಾದಳು. ಕೆಂಪರಾಜು ಬಾಯಿ ಬಿಡುವ ಹಾಗಿಲ್ಲ, ಕೈ ಆಡಿಸುವ ಹಾಗಿಲ್ಲ. ಒಬ್ಬ ಹೆಂಗಸು ತನಗಾಗಿ ಬಾಗಿ ನಿಂತಿರುವಾಗ ನೆಟ್ಟಗೆ ನಿಂತಿರಲು ಮನಸ್ಸೂ ಬಾರದು. ಅವರ ಮೊಣಕಾಲು ನಿಧಾನವಾಗಿ ಮಡಚಿತು. ಅಕ್ಕನ ಎತ್ತರಕ್ಕೇ ಇಳಿದು ಅವರೂ ಅಲ್ಲೇ ನಿಂತರು. ಮಂಚದ ಆಚೆ ಒಬ್ಬರು, ಈಚೆ ಒಬ್ಬರು, ಇಬ್ಬರೂ ಅರೆಯೆದ್ದವರು, ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಿದ್ದಾರೆ.

“ಏನ್ರೀ ಇದು, ಕುಸ್ತಿಗ್ ನಿಂತಂಗೆ!” ಎಂದಳು ಅಕ್ಕ. ಹೇಳಿದವಳೇ ನಕ್ಕು ಹಾಸಿಗೆಯ ಮೇಲೆ ಕುಸಿದಳು. ಬಿದ್ದ ದಿನದಿಂದ ನಾನು ಅವಳ ನಗು ಕೇಳಿರಲಿಲ್ಲ. ಕೆಂಪರಾಜು ಬೆತ್ತದ ಕುರ್ಚಿಯಲ್ಲಿ ಕೂತು, ಬೆವರು ಒರೆಸಿಕೊಂಡು, “ಅಕ್ಕಾವ್ರೆ, ಮೂಟೆ ಹೊರೋದು ವಾಸಿ, ಇದ್ ಕಷ್ಟ” ಎಂದರು. ಆಮೇಲೆ ನನ್ನ ಕಡೆ ತಿರುಗಿ, “ಆ ಪದ ಸಿಕ್ತಾ ಸಾರ್?”

“ಅರೆಯೆದ್ದ.”

ಅವರು ಅದನ್ನು ಬಾಯಲ್ಲಿ ಹಾಕಿಕೊಂಡು ನೋಡಿದರು. “ಅರೆಯೆದ್ದ ಗಿಡ. ಹ್ಞೂಂ, ಪರ್ವಾಗಿಲ್ಲ. ಆಮೇಲೆ ಎದ್ದೇಳುತ್ತೆ ಅನ್ನಂಗಿದೆ. ಗಿರಾಕಿಗೂ ಧೈರ್ಯ.”

“ಆಮೇಲೆ ಏಳುತ್ತೇನ್ರೀ ಅದು?” ಎಂದು ಕೇಳಿದಳು ಅಕ್ಕ, ನಗು ನಿಲ್ಲಿಸಿ.

ಈ ಸಲ ಕೆಂಪರಾಜು ನನಗೆ ಹೇಳಿದ ಉತ್ತರ ಹೇಳಲಿಲ್ಲ. “ಏಳುತ್ತೆ ಅಕ್ಕಾವ್ರೆ” ಎಂದರು. ಅವರು ಸುಳ್ಳು ಹೇಳುತ್ತಿದ್ದಾರೆಂದು ನನಗೆ ಗೊತ್ತಿತ್ತು. ಆ ಸುಳ್ಳಿಗೆ ನಾನು ಇಂದಿಗೂ ಋಣಿ.

ಮುಂದಿನದು ಯಾವ ದಿನ ನಡೆಯಿತೆಂದು ನಾನು ಹೇಳುವುದಿಲ್ಲ. ಹೇಳಿದರೆ ಅಕ್ಕ ಬೇರೆ ದಿನ ಹೇಳುತ್ತಾಳೆ. ಬೆಳಗಿನ ಹೊತ್ತು. ಚೈತ್ರ ಬಂದಿರಲಿಲ್ಲ, ರತ್ನಮ್ಮನೂ ಬಂದಿರಲಿಲ್ಲ. ನಾನು ಇದೇ ಕುರ್ಚಿಯಲ್ಲಿ ಕೂತು ಪೊಟ್ಟಣದ ಅಕ್ಷರ ತಿದ್ದುತ್ತಿದ್ದೆ. ತಲೆ ಎತ್ತಿದಾಗ ಅಕ್ಕ ಅರೆಯೆದ್ದಿದ್ದಳು. ಯಾರೂ ಬಂದಿರಲಿಲ್ಲ. ಕೋಣೆಯಲ್ಲಿ ಇದ್ದವನು ನಾನೊಬ್ಬ. ಅಕ್ಕ ಆದವಳು ತಮ್ಮನಿಗಾಗಿ ಏಳುವ ಪದ್ಧತಿ ನಮ್ಮಲ್ಲಿಲ್ಲ.

ನಾಲಿಗೆಯ ತುದಿಗೆ ಆ ಮಾತು ಬಂದು ನಿಂತಿತು. ನಿಮಗೆ ನಗು ಬರಬಹುದು. ಆದರೆ ನಡುಗುವ ತೊಡೆಯೊಂದನ್ನು ನೋಡಿಕೊಂಡು ಆ ಮಾತನ್ನು ನುಂಗುವುದು ಸುಲಭವಲ್ಲ. ನಾವು ಇನ್ನೊಬ್ಬರಿಗೆ ತೋರಿಸಲು ಕಲಿತ ಅಕ್ಕರೆಯೆಲ್ಲ ಆ ಒಂದು ಮಾತಿನಲ್ಲೇ ಇದೆ. ಮೂಸಂಬಿ ತಂದವರೆಲ್ಲ ಅದನ್ನೇ ತಂದಿದ್ದರು. ನೀನು ಏಳಲು ಹೊರಟೆಯಲ್ಲ, ಅಷ್ಟೇ ಸಾಕು, ದಣಿಯಬೇಡ ಎನ್ನುವ ಜನ ಇನ್ನೂ ಈ ಬೀದಿಗಳಲ್ಲಿ ಇದ್ದಾರಲ್ಲ ಎಂದು ನನಗೆ ಈಗಲೂ ಸಂತೋಷವೇ. ಅವರನ್ನು ದೂರಲು ನನಗೆ ಬಾಯಿ ಬರುವುದಿಲ್ಲ. ಆದರೆ ಅಂದು ಅಕ್ಕನಿಗೆ ಬೇಕಾದದ್ದು ಆ ಮಾತಲ್ಲ. ನಾನು ತಲೆ ತಗ್ಗಿಸಿ ಪೊಟ್ಟಣ ನೋಡಿದೆ. ಬಿತ್ತನೆಯ ಆಳ. ಮಣ್ಣಿನ ಹದ. ನಿಲುವು: ಅರೆಯೆದ್ದ. ಮತ್ತೆ ಮೊದಲಿನಿಂದ ಓದಿದೆ. ವಾಕರಿನ ಕಾಲು ನೆಲಕ್ಕೆ ಒತ್ತಿದ ಸದ್ದು ಬಂತು. ಉಸಿರು ಬಂತು. ಆಮೇಲೆ ಮೇಲಿನಿಂದ, ಬಹಳ ದಿನಗಳಿಂದ ದನಿ ಬಾರದಿದ್ದ ಎತ್ತರದಿಂದ, ಅಕ್ಕನ ದನಿ ಬಂತು.

“ಫ್ರಿಜ್ ಮೇಲೆ ಎಷ್ಟು ಧೂಳು ಕೂತಿದೆ ನೋಡೋ! ನಾನ್ ಮಲಗಿದಾಗಿಂದ ಯಾರೂ ಕೈಯಿಟ್ಟಿಲ್ವಾ?”

ತಲೆ ಎತ್ತಿ ನೋಡಿದೆ. ನಿಂತಿದ್ದಳು. ಸೀರೆಯ ನೆರಿಗೆ ಪಾದದವರೆಗೂ ಇಳಿದಿತ್ತು. ಅದು ಹಾಗೆ ಇಳಿದದ್ದನ್ನು ನೋಡಿ ಎಷ್ಟು ಕಾಲವಾಗಿತ್ತು ಎಂದು ಆಗ ತಿಳಿಯಿತು. ಆ ದಿನ ನಾನು ಮಾಡಿದ ಒಂದೇ ಕೆಲಸ ಎಂದರೆ ಫ್ರಿಜ್ಜಿನ ಮೇಲಿನ ಧೂಳು ಒರೆಸಿದ್ದು. ಅಷ್ಟು ಪ್ರೀತಿಯಿಂದ ನಾನು ಏನನ್ನೂ ಒರೆಸಿಲ್ಲ.

ಚೈತ್ರ ಸಂಭ್ರಮಪಟ್ಟಳು, ಬೈದಳು, ನಡೆಸಿದಳು. ಮಂಚದಿಂದ ಕಿಟಕಿ, ಕಿಟಕಿಯಿಂದ ಅಡುಗೆಮನೆ. ಬರುವ ಜನ ಈಗಲೂ ಕೂತ್ಕೊಳಿ ಎನ್ನುತ್ತಾರೆ, ಅಕ್ಕ ಪೂರ್ತಿ ಎದ್ದು ನಿಂತು, “ನೀವ್ ಕೂತ್ಕೊಳಿ” ಎಂದು ಅವರಿಗೇ ತಿರುಗಿಸುತ್ತಾಳೆ. ಮರ್ಯಾದೆ ಸ್ವಲ್ಪ ಏರುಪೇರಾಗಿದೆ. ಯಾರಿಗೂ ಬೇಸರವಿಲ್ಲ.

ಇವತ್ತು ಬೆಳಗ್ಗೆ ನಾನು ಇದನ್ನು ಬರೆಯಲು ಕೂತಾಗ ಅಕ್ಕ ಮಂಚದಿಂದ ಎದ್ದಳು. ರತ್ನಮ್ಮ ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳು. ಅವಳನ್ನು ಕೂಗಲು ಬಾಯಿ ತೆರೆದೆ. ಅಕ್ಕ ತುಟಿಯ ಮೇಲೆ ಬೆರಳಿಟ್ಟಳು. ವಾಕರ್ ಸದ್ದು ಮಾಡುತ್ತಾ ಪಡಸಾಲೆ ದಾಟಿತು, ಬಚ್ಚಲುಮನೆಯ ಹೊಸಿಲ ಮುಂದೆ ನಿಂತಿತು, ಒಳಗೆ ಹೋಯಿತು. ಬಾಗಿಲು ಮುಚ್ಚಿತು. ಆಮೇಲೆ ಬೋಲ್ಟು ಬಿದ್ದ ಸದ್ದು.

ಬಾಗಿಲ ಆಚೆ ಅಕ್ಕ, ಈಚೆ ನಾನು. ನೆಲ ಒದ್ದೆಯಿದೆಯೇ? ಹಿಡಿಗೆ ಕೈ ಎಟುಕುತ್ತದೆಯೇ? ಬಿದ್ದರೆ ಬಾಗಿಲು ಒಡೆಯಬೇಕೇ? ಹೋಗಿ ಬಾಗಿಲ ಬಳಿ ನಿಲ್ಲಲೇ, ಬೇಡವೇ? ಕೈ ಕುರ್ಚಿಯ ತೋಳಿನ ಮೇಲೆ ಊರಿತ್ತು. ಸೊಂಟ ಬೆತ್ತ ಬಿಟ್ಟು ಮೇಲೆದ್ದಿತ್ತು, ಮೊಣಕಾಲು ಮಡಚಿಯೇ ಇತ್ತು. ಕುರ್ಚಿ ಉದ್ದಕ್ಕೆ ಕೀಚಲಿಟ್ಟಿತ್ತು, ನನಗೆ ಮಾತ್ರ ಅದು ಕೇಳಿಸಿರಲಿಲ್ಲ.

ಒಳಗೆ ನೀರು ಬೀಳುವ ಸದ್ದು ನಿಂತಿತು.

“ಗೊತ್ತಾಯ್ತು ಬಿಡೋ” ಎಂದಳು ಅಕ್ಕ ಬಾಗಿಲ ಹಿಂದಿನಿಂದ. “ಕೂತ್ಕೋ, ಕೂತ್ಕೋ.”

ಕೂತೆ.